ಜಾನಿ ಪಿಚ್ಚರ್ ಮತ್ತು ತೊರವಿಯ ಗುಂಡಿ

ನಮ್ಮೂರ ಕಡೆ ಅದಕ್ಕೆ ‘ಜಾನಿ ಪಿಚ್ಚರ್’ ಅಂತಲೇ ಹೆಸರು. ಹಿಂದಿಯಲ್ಲಿ ‘ಗನ್ ಫೈಟರ್ ಜಾನಿ’ ಆಗಿ ಬಂದ ಆ ಸಿನಿಮಾ ಅಸಲಿಗೆ ತೆಲುಗಿನದು, 1971ರಲ್ಲಿ ತೆರೆಕಂಡ ‘ಮೋಸಗಾಳ್ಳಕು ಮೋಸಗಾಡು’ ಎಂಬುದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ಟಿಕೋಟಾದ ಟೆಂಟ್ ಟಾಕೀಸಿಗೆ ಅದು ಬರುವ ಹೊತ್ತಿಗೆ ಪ್ರಿಂಟು ಸವೆದು ಹೋಗಿತ್ತು. ಪರದೆಯ ತುಂಬ ಗೀರು. ಮಾತು ಅರ್ಧ ಕೇಳಿಸಿದರೆ ಅರ್ಧ ಇಲ್ಲ. ಆದರೂ ಕುದುರೆ ಇತ್ತು, ಬಂದೂಕು ಇತ್ತು, ಅಗಲ ಅಂಚಿನ ಟೋಪಿ ಇತ್ತು, ಕಣ್ಣು ಹಾಯುವವರೆಗೂ ಮರಳುಗಾಡಿತ್ತು. ಎಲ್ಲೋ ಹೂತಿಟ್ಟ ನಿಧಿ, ಅದರ ಬೆನ್ನು ಹತ್ತಿ ಒಬ್ಬರಿಗೊಬ್ಬರು ಮೋಸ ಮಾಡುವ ಮಂದಿ. ಜೋಳದ ರಾಶಿ ಮುಗಿದು ಕೈ ಬಿಡುವಾಗಿದ್ದ ಊರಿಗೆ ಇನ್ನೇನು ಬೇಕಿತ್ತು?

ಟೆಂಟಿನಲ್ಲಿ ಒಂದೇ ಮಷೀನು. ರೀಲು ಮುಗಿದಾಗಲೆಲ್ಲ ದೀಪ ಹತ್ತುತ್ತಿತ್ತು, ಸಿಳ್ಳೆ ಶುರುವಾಗುತ್ತಿತ್ತು, ಚುರಮರಿ ಮಾರುವ ಹುಡುಗರು ಬುಟ್ಟಿ ಹೊತ್ತು ಒಳಗೆ ನುಗ್ಗುತ್ತಿದ್ದರು. ಗಂಡಸರು ಒಂದು ಕಡೆ, ಹೆಂಗಸರು ಒಂದು ಕಡೆ, ನಡುವೆ ಮೊಳಕಾಲೆತ್ತರದ ಮಣ್ಣಿನ ಗೋಡೆ. ನಾನು ನೆಲದ ಮೇಲೆ, ಕಾಕಾನ ತೊಡೆಗೆ ಒರಗಿ. ನಮ್ಮ ಕಾಕಾ, ಅಂದರೆ ಅಪ್ಪನ ತಮ್ಮ, ಬಿಜಾಪುರದ ಬಜಾರಿನಲ್ಲಿ ಅಡ್ಡಾಡಿ ಹಿಂದಿ ಕಲಿತವನು. ಪರದೆಯ ಮೇಲೆ ಯಾರು ಏನು ಅಂದರೂ ಅದನ್ನು ಕನ್ನಡ ಮಾಡಿ ಸುತ್ತಲಿನ ಹತ್ತು ಮಂದಿಗೆ ಕೇಳುವಂತೆ ಹೇಳುತ್ತಿದ್ದ. ಬೇರೆಯವರು ‘ಸುಮ್ಮ ಕೂಡ್ರೋ’ ಅನ್ನುವ ಬದಲು ‘ಏನಂದ, ಏನಂದ’ ಎಂದು ಕೇಳುತ್ತಿದ್ದರು. ಆ ಸಿನಿಮಾದ ಅರ್ಧ ಕಥೆ ನನಗೆ ಬಂದದ್ದು ಕಾಕಾನ ಬಾಯಿಂದಲೇ.

ಆ ಸಿನಿಮಾ ಹುಟ್ಟಿದ ರೀತಿಯನ್ನು ಮುಂದೆ ಓದಿದಾಗ ನನಗೆ ಅದರ ಮೇಲಿನ ಪ್ರೀತಿ ಹೆಚ್ಚಾಯಿತು. ನಟ ಕೃಷ್ಣ ತಮ್ಮ ಪದ್ಮಾಲಯ ಸಂಸ್ಥೆಯಿಂದ ತೆಗೆದ ಮೊದಲ ಸಿನಿಮಾ ಸೋತಿತ್ತು. ಕೈಯಲ್ಲಿ ದೊಡ್ಡ ಬಂಡವಾಳ ಇರಲಿಲ್ಲ. ಹಾಲಿವುಡ್ಡಿನ, ಇಟಲಿಯ ಕೌಬಾಯ್ ಸಿನಿಮಾಗಳನ್ನು ನೋಡಿ ಹುಚ್ಚು ಹಿಡಿಸಿಕೊಂಡಿದ್ದ ಅವರು ಕವಿ ಆರುದ್ರ ಅವರಿಂದ ಕಥೆ ಬರೆಸಿದರು. ಅಮೆರಿಕದ ಮರುಭೂಮಿಗೆ ಬದಲು ರಾಜಸ್ಥಾನದ ಬಿಕಾನೇರ್ ಕಡೆಯ ಮರಳು. ನಿರ್ದೇಶನ ಕೆ.ಎಸ್.ಆರ್. ದಾಸ್ ಅವರದು. ಇದೇ ದಾಸ್ ಮುಂದೆ ಕನ್ನಡಕ್ಕೆ ಬಂದು ‘ಕಳ್ಳ ಕುಳ್ಳ’, ‘ಸಹೋದರರ ಸವಾಲ್’, ‘ಕಿಲಾಡಿ ಕಿಟ್ಟು’ ಕೊಟ್ಟವರು. ವಿಷ್ಣುವರ್ಧನ್ ಅಭಿಮಾನಿಗಳಿಗೆ ಅವರ ಹೆಸರು ಹೊಸದಲ್ಲ. ‘ಶೋಲೆ’ಗಾಗಿ ರಾಮನಗರದ ಬಂಡೆಗಳ ನಡುವೆ ಕುದುರೆ ಓಡುವುದಕ್ಕೂ ಮೊದಲೇ ಈ ಸಣ್ಣ ದುಡ್ಡಿನ ತೆಲುಗು ಸಿನಿಮಾ ಕುದುರೆ ಓಡಿಸಿ ಗೆದ್ದಿತ್ತು. ತಮಿಳು, ಹಿಂದಿ, ಇಂಗ್ಲಿಷಿಗೂ ಹೋಯಿತು. ಕೃಷ್ಣ ತೀರಿಕೊಂಡ ಮರುವರ್ಷ, 2023ರ ಮೇ 31ಕ್ಕೆ, ಅವರ ಹುಟ್ಟುಹಬ್ಬದ ದಿನ ಅದನ್ನು ಹೊಸದಾಗಿ ತೊಳೆದು ಮತ್ತೆ ಥಿಯೇಟರಿಗೆ ಬಿಟ್ಟರು.

ಇನ್ನೊಂದು ಸಿನಿಮಾದ ಮಾತನ್ನೂ ಇಲ್ಲೇ ಹೇಳಬೇಕು. ಗ್ರೆಗರಿ ಪೆಕ್, ಒಮರ್ ಷರೀಫ್ ಇದ್ದ 1969ರ ‘ಮೆಕೆನ್ನಾಸ್ ಗೋಲ್ಡ್’. ತನ್ನ ದೇಶದಲ್ಲಿ ಮಕಾಡೆ ಮಲಗಿದ ಆ ಸಿನಿಮಾವನ್ನು ನಮ್ಮ ದೇಶ ಎತ್ತಿ ತಲೆ ಮೇಲೆ ಇಟ್ಟುಕೊಂಡಿತು. ವರ್ಷಗಟ್ಟಲೆ ಊರಿಂದೂರಿಗೆ ಅದರ ಪ್ರಿಂಟು ತಿರುಗುತ್ತಿತ್ತು. ಬಿಜಾಪುರಕ್ಕೆ ಬಂದಾಗ ಕಾಕಾ ನನ್ನನ್ನು ಕರೆದುಕೊಂಡು ಹೋದ. ಇಂಗ್ಲಿಷು ಅವನಿಗೂ ಬಾರದು, ನನಗೂ ಬಾರದು. ಆದರೆ ಆ ಕಥೆಗೆ ಭಾಷೆ ಬೇಕಿರಲಿಲ್ಲ. ಸಾಯುವ ಮುದುಕನ ಕೈಯಲ್ಲಿ ನಕ್ಷೆ, ಅದನ್ನು ಸುಟ್ಟು ತಲೆಯಲ್ಲಿ ಇಟ್ಟುಕೊಂಡವನೊಬ್ಬ, ಚಿನ್ನದ ವಾಸನೆ ಹಿಡಿದು ಸೇರಿಕೊಳ್ಳುತ್ತಲೇ ಹೋಗುವ ಜನ, ಬೆಳಗಿನ ಹೊತ್ತು ಉದ್ದಕ್ಕೆ ಚಾಚಿ ದಾರಿ ತೋರುವ ಕಂಬದಂಥ ಬಂಡೆಯ ನೆರಳು. ಕೊನೆಗೆ ಚಿನ್ನದ ಕಣಿವೆಯೇ ಕುಸಿದು ಬೀಳುತ್ತದೆ. ಉಳಿಯುವುದು ಕುದುರೆಯ ಚೀಲದಲ್ಲಿ ಹೇಗೋ ಸೇರಿಕೊಂಡ ನಾಲ್ಕು ಚೂರು.

ಥಿಯೇಟರಿನಿಂದ ಹೊರಗೆ ಬಂದವರೆಲ್ಲ ಆ ಕುಸಿತದ ಮಾತಾಡುತ್ತಿದ್ದರು. ಕಾಕಾ ಮಾತ್ರ ಬೇರೆ ಏನನ್ನೋ ಯೋಚಿಸುತ್ತಿದ್ದ. ಬಸ್ ಸ್ಟ್ಯಾಂಡಿನಲ್ಲಿ ಚಹಾ ಕುಡಿಯುತ್ತ ಅಂದ: “ಪಾಲಿನ ಮಾತು ಮೊದಲ ಮುಗಸಬೇಕಿತ್ತ್ ನೋಡು ಅವ್ರು. ಯಾರಿಗೆಷ್ಟು ಅಂತ ಬರದ ಇಟ್ಟಿದ್ರ ಇಷ್ಟ ಮಂದಿ ಸಾಯತಿರಲಿಲ್ಲ.”

ಆಸೆ ಕೆಟ್ಟದ್ದು ಎಂಬ ಪಾಠ ಆ ಸಿನಿಮಾದಿಂದ ನಮ್ಮ ಕಾಕಾನಿಗೆ ಬರಲಿಲ್ಲ. ಕರಾರು ಇಲ್ಲದ ಆಸೆ ಕೆಟ್ಟದ್ದು ಎಂದು ಅವನು ತಿಳಿದುಕೊಂಡ. ಅವನನ್ನು ನಾನು ತಪ್ಪು ಅನ್ನುವುದಿಲ್ಲ. ಎಪ್ಪತ್ತೆರಡರ ಬರವನ್ನು ಕಂಡವರಿಗೆ ಗೊತ್ತು, ಆಗ ನಮ್ಮ ಜಿಲ್ಲೆಯ ರೈತ ಯಾವ ಸ್ಥಿತಿಗೆ ಬಂದಿದ್ದ ಅಂತ. ಹೊಲದ ಒಡೆಯನೇ ಬರಗಾಲದ ಕಾಮಗಾರಿಗೆ ಹೋಗಿ ರಸ್ತೆ ಬದಿ ಕೂತು ಖಡಿ ಒಡೆದ. ಮೇವಿಲ್ಲದೆ ಎತ್ತು ಮಾರಿದ. ಕಾಕಾನ ಅಂಗೈಯಲ್ಲಿ ಆ ಕಲ್ಲು ಒಡೆದ ಗುರುತು ಕೊನೆಯವರೆಗೂ ಉಳಿದಿತ್ತು. ಬರ ಹೋಯಿತು, ಸಾಲ ಉಳಿಯಿತು. ಸ್ವಂತ ಹೊಲದ ಉತ್ಪನ್ನ ಸಾಲದೆ ತೊರವಿಯ ಕಡೆ ಒಂದಿಷ್ಟು ಹೊಲವನ್ನು ಲಾವಣಿಗೆ ಹಾಕಿಕೊಂಡ. ಎಲ್ಲ ಶುರುವಾದದ್ದು ಆ ಹೊಲದಲ್ಲಿ.

ತೊರವಿ ಬಿಜಾಪುರದಿಂದ ಅಥಣಿ ರಸ್ತೆಯಲ್ಲಿ ಟಿಕೋಟಾಕ್ಕೆ ಬರುವ ದಾರಿಯಲ್ಲೇ ಸಿಗುತ್ತದೆ. ಕುಮಾರ ವಾಲ್ಮೀಕಿಯ ರಾಮಾಯಣಕ್ಕೆ ಹೆಸರು ಕೊಟ್ಟ ಊರು, ನರಸಿಂಹನ ಗುಡಿಯ ಊರು. ಅದರ ಬಗಲಿಗೇ ಎರಡನೇ ಇಬ್ರಾಹಿಂ ಆದಿಲ್ ಷಾ 1599ರಲ್ಲಿ ನವರಸಪುರ ಎಂಬ ಹೊಸ ನಗರಕ್ಕೆ ಕೈ ಹಾಕಿದ. ಸಂಗೀತದ ಹುಚ್ಚಿನ ಆ ಸುಲ್ತಾನನ ಕನಸು ಬಹಳ ಕಾಲ ಬಾಳಲಿಲ್ಲ. 1624ರಲ್ಲಿ ಅಹಮದನಗರದ ಮಲಿಕ್ ಅಂಬರ್ ಬಂದು ಅದನ್ನು ಹಾಳು ಮಾಡಿದ. ಇಂದಿಗೂ ಸಂಗೀತ ಮಹಲಿನ ಕಮಾನುಗಳು ಅಲ್ಲಿ ನಿಂತಿವೆ. 1565ರ ರಕ್ಕಸತಂಗಡಿ ಕಾಳಗದ ನಂತರ ವಿಜಯನಗರದ ಸಂಪತ್ತು ಬಿಜಾಪುರಕ್ಕೂ ಬಂತು. 1686ರಲ್ಲಿ ಔರಂಗಜೇಬ ಬಿಜಾಪುರವನ್ನೇ ಗೆದ್ದುಕೊಂಡ. ಇಷ್ಟು ಸಲ ಸುಲಿಗೆ ಆದ ನೆಲದಲ್ಲಿ ‘ಓಡುವಾಗ ಹೂತಿಟ್ಟು ಹೋಗ್ಯಾರ’ ಎಂಬ ಮಾತು ಹುಟ್ಟದೆ ಇರಲು ಸಾಧ್ಯವೇ? ಏಳು ಕೊಪ್ಪರಿಗೆ ಹೊನ್ನು, ಕಾಯುವ ಘಟಸರ್ಪ, ಅಮಾವಾಸ್ಯೆಗೆ ನೆಲದಡಿ ಕೇಳುವ ಸಪ್ಪಳ. ಇವನ್ನೆಲ್ಲ ನಾವು ಆಯಿಯ ಮಗ್ಗುಲಲ್ಲಿ ಮಲಗಿ ಕೇಳಿ ಬೆಳೆದವರು.

ಕಾಕಾನ ಆ ಲಾವಣಿ ಹೊಲದಲ್ಲಿ ಕಲ್ಲು ಕಟ್ಟಿದ ಒಂದು ಹಾಳು ಬಾವಿಯ ಬಾಯಿ ಇತ್ತು. ಅರ್ಧ ಮಣ್ಣು ತುಂಬಿತ್ತು. ಅದರ ಕೆಳಗೆ ಸುರಂಗ ಇದೆ, ಸುರಂಗ ನೇರ ಬಿಜಾಪುರದ ಅರಮನೆಗೆ ಹೋಗುತ್ತದೆ, ಸುಲ್ತಾನರು ಒಡವೆ ಸಾಗಿಸಿದ್ದು ಅದರೊಳಗಿಂದಲೇ ಎಂದು ಸುತ್ತಲಿನವರು ಹೇಳುತ್ತಿದ್ದರು. ಅಲ್ಲೇ ಸ್ವಲ್ಪ ದೂರದಲ್ಲಿ ಗಚ್ಚಿನ ಒಂದು ದಿಣ್ಣೆ, ನೇಗಿಲು ತಾಗಿದರೆ ಕಿಡಿ ಹಾರುವಷ್ಟು ಗಟ್ಟಿ. ಇದನ್ನು ಕಾಕಾ ನಮ್ಮ ಸೋದರಮಾವನ ಮುಂದೆ ಹೇಳಿದ. ಮಾವ ಬಬಲೇಶ್ವರದವ, ಅವ್ವನ ಒಬ್ಬನೇ ಅಣ್ಣ. ಇಬ್ಬರೂ ಬೀಗರಿಗಿಂತ ಹೆಚ್ಚಾಗಿ ಗೆಳೆಯರು. ಮಾವ ಊರಿನ ಒಬ್ಬ ಗೌಂಡಿಯನ್ನು ಕರೆತಂದ. ಗೌಂಡಿ ಅಂಜನ ಹಾಕುವವನೊಬ್ಬನನ್ನು ಕರೆತಂದ.

ಅಂಜನ ನಡೆದದ್ದು ಬಬಲೇಶ್ವರದಲ್ಲಿ, ಮಾವನ ಮನೆಯ ಹಿಂದಿನ ಪಡಸಾಲೆಯಲ್ಲಿ. ವೀಳ್ಯದೆಲೆಯ ಮೇಲೆ ಎಣ್ಣೆಯಲ್ಲಿ ಕಲಸಿದ ಕಪ್ಪು. ನನ್ನನ್ನು ಕೂರಿಸಿದರು. ಕಂದೀಲಿನ ಬೆಳಕು ಎಣ್ಣೆಯ ಮೇಲೆ ಬಿದ್ದು ಮಿಣುಕುತ್ತಿತ್ತು, ಅದರ ನಡುವೆ ನನ್ನ ಮೂಗು, ನನ್ನ ಹುಬ್ಬು. “ಏನ್ ಕಾಣತೈತಿ?” ಎಂದು ಅವನು ಮತ್ತೆ ಮತ್ತೆ ಕೇಳಿದ. “ನನ್ನ ಮಾರೀನ ಕಾಣತೈತ್ರಿ” ಅಂದೆ. ಹುಡುಗ ಪಾಯಾಳು ಅಲ್ಲ ಅಂದು ನನ್ನನ್ನು ಎಬ್ಬಿಸಿ ಕಳಿಸಿದ. ಕಾಲು ಮುಂದಾಗಿ ಹುಟ್ಟಿದವರಿಗೆ ನೆಲದೊಳಗಿನದು ಕಾಣುತ್ತದೆ ಎಂಬ ನಂಬಿಕೆ ನಮ್ಮ ಕಡೆ ಬಲವಾಗಿದೆ. ಬೇರೆ ಓಣಿಯ ಹುಡುಗನೊಬ್ಬನನ್ನು ತಂದು ಕೂರಿಸಿದರು. ಅವನಿಗೆ ಹಳದಿ ಕಂಡಿತಂತೆ.

ಆಮೇಲೆ ಕಾಕಾ ತಾನು ಸಿನಿಮಾದಲ್ಲಿ ಕಲಿತದ್ದನ್ನು ಮಾಡಿದ. ಅಗೆಯುವ ಮೊದಲೇ ಬಾಂಡ್ ಪೇಪರ್ ತಂದು ಪಾಲು ಬರೆಸಿದ. ದೇವರಿಗಿಷ್ಟು, ಅಂಜನದವನಿಗಿಷ್ಟು, ಗೌಂಡಿಗಿಷ್ಟು, ಉಳಿದದ್ದು ಬೀಗರಿಬ್ಬರಿಗೆ ಸಮ. ತೊರವಿ ನರಸಿಂಹನ ಮುಂದೆ ಆಣೆಯೂ ಆಯಿತು. ಹೊಲದ ಒಡೆಯನಿಗೆ ಪಾಲಿರಲಿಲ್ಲ, ಅವನಿಗೆ ಸುದ್ದಿಯೇ ಗೊತ್ತಿರಲಿಲ್ಲ. ಸರ್ಕಾರದ ನೆನಪು ಯಾರಿಗೂ ಬರಲಿಲ್ಲ. ಹತ್ತು ರೂಪಾಯಿಗಿಂತ ಹೆಚ್ಚು ಬೆಲೆಯ ನಿಧಿ ಸಿಕ್ಕರೆ ಕಲೆಕ್ಟರಿಗೆ ತಿಳಿಸಬೇಕೆಂದು 1878ರಲ್ಲೇ ಬ್ರಿಟಿಷರು ಕಾಯ್ದೆ ಮಾಡಿದ್ದರು. 1962ರಲ್ಲಿ ನಮ್ಮ ರಾಜ್ಯವೂ ತನ್ನದೇ ಕಾಯ್ದೆ ತಂದಿತ್ತು.

ಖರ್ಚು ಬೀಗರಿಬ್ಬರದೇ. ಬರ ಕಳೆದ ಮೇಲೆ ಕಷ್ಟಪಟ್ಟು ಕೊಂಡಿದ್ದ ಒಂದು ಎತ್ತನ್ನು ಕಾಕಾ ಮಾರಿದ. ಅತ್ತೆಯ ಕೊರಳಿನ ಬೋರಮಾಳ ಸರವನ್ನು ಮಾವ ಒತ್ತೆಯಿಟ್ಟ. ಆ ಸರ ನನಗೆ ಚೆನ್ನಾಗಿ ನೆನಪಿದೆ. ಅತ್ತೆ ರೊಟ್ಟಿ ಬಡಿಯುವಾಗ ಅದರ ಗುಂಡುಗಳು ಒಂದಕ್ಕೊಂದು ತಾಗಿ ಸಣ್ಣ ಸಪ್ಪಳ ಮಾಡುತ್ತಿದ್ದವು. ಅದು ಮರಳಿ ಅತ್ತೆಯ ಕೊರಳಿಗೆ ಬರಲಿಲ್ಲ.

ಅಮಾವಾಸ್ಯೆಯ ರಾತ್ರಿ ಅಗೆದರು. ಒಂದೇ ರಾತ್ರಿಗೆ ಮುಗಿಯುವ ಕೆಲಸ ಅದಾಗಿರಲಿಲ್ಲ. ಹಗಲು ಬುತ್ತಿ ಕೊಡುವ ನೆಪದಲ್ಲಿ ನಾನು ಹೋಗುತ್ತಿದ್ದೆ. ಗಚ್ಚು ಹಾರಿಗೆ ಜಗ್ಗುತ್ತಿರಲಿಲ್ಲ. ಕೊನೆಗೂ ಅದು ಬಿರಿದಾಗ ಒಳಗೆ ಕಂಡದ್ದು ಸುಟ್ಟ ಮಣ್ಣಿನ ಕೊಳವೆಗಳು. ಒಂದೊಂದೂ ಮೊಳದುದ್ದ, ಒಂದು ತುದಿ ಕಿರಿದು, ಇನ್ನೊಂದು ಅಗಲ. ಕಿರಿದಾದ ತುದಿಯನ್ನು ಮುಂದಿನದರ ಅಗಲ ಬಾಯಿಗೆ ಕೂಡಿಸಿ, ಸಂದಿಗೆ ಸುಣ್ಣ ತುಂಬಿ, ಮೇಲೆ ಗಚ್ಚು ಹೊದಿಸಿದ್ದರು. ಕೊಳವೆಯ ಒಳಮೈ ನನ್ನ ಬೆರಳಿಗೆ ನುಣ್ಣಗೆ ಹತ್ತಿತು. ಇಷ್ಟು ಕಾಳಜಿಯಿಂದ ಮುಚ್ಚಿಟ್ಟದ್ದರೊಳಗೆ ಹೊನ್ನಲ್ಲದೆ ಇನ್ನೇನು ಇದ್ದೀತು ಎಂದು ಅವರು ಒಂದೊಂದನ್ನೇ ಒಡೆಯುತ್ತ ಹೋದರು. ಸಿಕ್ಕದ್ದು ಹಿಟ್ಟಿನಷ್ಟು ಸಣ್ಣ ಕೆಸರು, ಒಣಗಿದ್ದು.

ಅಂಜನದವನು ‘ಇನ್ನೊಂದು ಪೂಜಾ ಬೇಡತೈತಿ’ ಅಂದ, ಅದರ ದುಡ್ಡು ಇಸಿದುಕೊಂಡ, ಮತ್ತೆ ಮುಖ ತೋರಿಸಲಿಲ್ಲ. ಗೌಂಡಿ ತನ್ನ ಕೂಲಿ ಕೇಳಿ ಜಗಳ ತೆಗೆದ. ಅಷ್ಟಕ್ಕೇ ನಿಂತಿದ್ದರೆ ಎರಡು ಮನೆ ಸಾಲ ತೀರಿಸಿಕೊಂಡು ಹೇಗೋ ಬದುಕುತ್ತಿದ್ದವು. ಆದರೆ ಕರಾರು ಬರೆದಿಟ್ಟ ಮೇಲೆಯೂ ಅನುಮಾನ ಹುಟ್ಟಿತು. ಅಗೆಯುವ ದಿನಗಳಲ್ಲಿ ಒಂದು ರಾತ್ರಿ ಮಾವ ಜ್ವರ ಬಂದು ಬಬಲೇಶ್ವರದಲ್ಲೇ ಉಳಿದಿದ್ದ. ಆ ರಾತ್ರಿ ಗುಂಡಿಯ ಹತ್ತಿರ ಇದ್ದದ್ದು ಕಾಕಾ ಮತ್ತು ಅಂಜನದವ ಇಬ್ಬರೇ. ಮಾವನ ತಲೆಯಲ್ಲಿ ಆ ರಾತ್ರಿ ಬೆಳೆಯುತ್ತ ಹೋಯಿತು. ಮರುವರ್ಷ ಕಾಕಾ ಸಾಲ ಎತ್ತಿ ಜೋಡೆತ್ತು ಕಟ್ಟಿದಾಗ ಮಾವನಿಗೆ ಪುರಾವೆ ಸಿಕ್ಕಂತಾಯಿತು. ಸಾಲದ ಕಾಗದ ತೋರಿಸಿದರೂ ನಂಬಲಿಲ್ಲ. “ಕಾಗದ ಯಾರ್ ಬೇಕಾದ್ರೂ ಮಾಡಸ್ತಾರ” ಅಂದ.

ಪಂಚಮಿಗೆ ಅಣ್ಣ ಬಂದು ತಂಗಿಯನ್ನು ತವರಿಗೆ ಕರೆದೊಯ್ಯುವುದು ನಮ್ಮ ಕಡೆಯ ರೂಢಿ. ಆ ವರ್ಷ ಮಾವ ಬರಲಿಲ್ಲ. ಅವ್ವ ಉಂಡಿ ಕಟ್ಟಿಟ್ಟುಕೊಂಡು ಸಂಜೆಯವರೆಗೂ ಬಾಗಿಲ ಕಡೆ ನೋಡಿದಳು. ಮರುವರ್ಷ ನೋಡುವುದನ್ನು ಬಿಟ್ಟಳು. ಟಿಕೋಟಾ ಮತ್ತು ಬಬಲೇಶ್ವರದ ನಡುವೆ ಎಷ್ಟು ಮಹಾ ದೂರ? ಈಗ ಎರಡೂ ತಾಲ್ಲೂಕುಗಳಾಗಿವೆ, ಬಸ್ಸು ಏರಿದರೆ ಮಾತು ಮುಗಿಯುವುದರೊಳಗೆ ಊರು ಬರುತ್ತದೆ. ಅಷ್ಟು ದಾರಿಯನ್ನು ಅವ್ವ ಇಪ್ಪತ್ತು ವರ್ಷಕ್ಕೂ ಮೇಲೆ ನಡೆಯಲಿಲ್ಲ. ಮಾವ ತೀರಿಕೊಂಡಾಗ ಮಣ್ಣಿಗೆ ಹೋದಳು, ಕಾಕಾನೂ ಹೋದ. ಮಾತಾಡಿಸುವವರು ಯಾರೂ ಇರಲಿಲ್ಲ. ಹಿಡಿ ಮಣ್ಣು ಹಾಕಿ ಬಂದ.

ಸಿನಿಮಾಗಳ ಮೇಲೆ ನನಗೆ ಇರುವ ಒಂದೇ ತಕರಾರು ಇದು. ಅಲ್ಲಿ ನಿಧಿ ಖರೆ ಇರುತ್ತದೆ, ಅದರ ಹಿಂದೆ ಬಿದ್ದವರು ದುಷ್ಟರಾಗಿರುತ್ತಾರೆ. ಅವರು ಸತ್ತರೆ ನೋಡುವವನ ಮನಸ್ಸಿಗೆ ಸಮಾಧಾನ. ನಮ್ಮಲ್ಲಿ ಹಾಗಿರಲಿಲ್ಲ. ಕಾಕಾ ಕೆಟ್ಟವನಲ್ಲ, ಮಾವ ಇನ್ನೂ ಅಲ್ಲ. ಇಬ್ಬರೂ ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಜಾತ್ರೆ ತೋರಿಸಿದವರು. ನಿಧಿ ಇರಲೂ ಇಲ್ಲ. ಇಲ್ಲದ ನಿಧಿಗೆ ಪಾಲು ಬರೆದುಕೊಂಡದ್ದರಿಂದಲೇ ಒಬ್ಬರು ಇನ್ನೊಬ್ಬರ ಪಾಲನ್ನು ನುಂಗಿದ್ದಾರೆ ಎಂಬ ಅನುಮಾನಕ್ಕೆ ಜಾಗ ಸಿಕ್ಕಿತು. ಆಸೆಗೆ ಬಡತನ ಕಾರಣ ಇರಬಹುದು, ಬರ ಕಾರಣ ಇರಬಹುದು. ಆಸೆ ಸುಟ್ಟದ್ದನ್ನು ಆ ಕಾರಣಗಳಿಂದ ಸಣ್ಣದು ಮಾಡಲಾಗುವುದಿಲ್ಲ.

ಆ ಕೊಳವೆಗಳು ಏನೆಂದು ನನಗೆ ಗೊತ್ತಾದದ್ದು ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಲು ನಿಂತ ಮೇಲೆ. ಅವು ನೀರಿನ ಕೊಳವೆಗಳು. ಬಿಜಾಪುರದಂಥ ಮಳೆ ಕಡಿಮೆಯ ನೆಲದಲ್ಲಿ ಅಷ್ಟು ದೊಡ್ಡ ರಾಜಧಾನಿ ಹೇಗೆ ಬದುಕಿತು ಎಂದು ಮಕ್ಕಳು ಕೇಳುತ್ತಿದ್ದರು. ಉತ್ತರ ತೊರವಿಯಲ್ಲಿತ್ತು. ಒಂದನೇ ಅಲಿ ಆದಿಲ್ ಷಾನ ಕಾಲದಿಂದಲೇ ಅಲ್ಲಿ ನೆಲದಡಿಯ ಸೆಲೆಯನ್ನು ಸುರಂಗ ಕೊರೆದು ಊರಿನತ್ತ ಹರಿಸಿದ್ದರು. ಪರ್ಷಿಯಾದಿಂದ ಬಂದ ಕರೇಜ್ ಪದ್ಧತಿ. ನೆಲಕ್ಕೆ ಅತಿ ಸಣ್ಣ ಇಳಿಜಾರು ಕೊಟ್ಟರೆ ಸಾಕು, ಎತ್ತಿಲ್ಲದೆ ಯಂತ್ರವಿಲ್ಲದೆ ನೀರು ತಾನೇ ನಡೆಯುತ್ತದೆ. ಸುರಂಗದ ಗುಂಟ ಅಲ್ಲಲ್ಲಿ ಮೇಲಿನಿಂದ ಬಾವಿಯಂತೆ ಕಿಂಡಿ ತೋಡಿದ್ದರು. ಅಗೆದ ಮಣ್ಣು ತೆಗೆಯಲು, ಗಾಳಿ ಆಡಲು, ಹೂಳೆತ್ತಲು ಇಳಿಯಲು. 1651ರಲ್ಲಿ ಮಹಮ್ಮದ್ ಆದಿಲ್ ಷಾ ಊರಿನ ದಕ್ಷಿಣಕ್ಕೆ ಬೇಗಂ ತಾಲಾಬ್ ಕಟ್ಟಿಸಿದಾಗ ಅಲ್ಲಿಂದಲೂ ಮಣ್ಣಿನ ಕೊಳವೆಗಳಲ್ಲೇ ನೀರು ಬಂತು. ದಾರಿಯಲ್ಲಿ ಒತ್ತಡಕ್ಕೆ ಕೊಳವೆ ಸೀಳದಂತೆ ಗಂಜ್ ಎಂಬ ಗೋಪುರಗಳನ್ನು ಕಟ್ಟಿದರು. ಅವುಗಳಲ್ಲಿ ಕೆಲವು ಇಂದಿಗೂ ಮನೆಗಳ ನಡುವೆ ನಿಂತಿವೆ, ಅವುಗಳ ಗೋಡೆಗೆ ದನ ಕಟ್ಟಿದವರಿಗೂ ಅವು ಏನೆಂದು ತಿಳಿಯದು.

ಕಾಕಾನಿಗೆ ಇದನ್ನು ಹೇಳಿದೆ. ಅವನಿಗೆ ಆಗಲೇ ವಯಸ್ಸಾಗಿತ್ತು. ಬಹಳ ಹೊತ್ತು ಕೇಳಿಸಿಕೊಂಡು, “ಹಂಗಾರ ಎಪ್ಪತ್ತೆರಡರಾಗ ಅದರಾಗ ನೀರು ಬಿಟ್ಟಿದ್ರ ಆಗತಿತ್ತಲ್ಲೋ” ಅಂದ. ಬರದಲ್ಲಿ ಕಲ್ಲು ಒಡೆದವನ ಪ್ರಶ್ನೆ ಅದು. ಸುರಂಗ ಎಂದೋ ಹೂಳಿ ಹೋಗಿತ್ತು ಎಂದು ಹೇಳಿದೆ. ಹೂಳಿದ್ದನ್ನು ಅಗೆಯುವ ಬದಲು ನಾವು ಒಡೆದೆವು ಎಂದು ಅವನೇ ಮೆಲ್ಲಗೆ ಅಂದ.

ತೊರವಿಯ ಸುರಂಗ ಬಾವಡಿಯನ್ನು ವರ್ಲ್ಡ್ ಮಾನ್ಯುಮೆಂಟ್ಸ್ ಫಂಡ್ ತನ್ನ 2020ರ ಪಟ್ಟಿಗೆ ಸೇರಿಸಿತು. ಜಗತ್ತಿನಾದ್ಯಂತ ಆರಿಸಿದ್ದ 25 ತಾಣಗಳಲ್ಲಿ ನಮ್ಮ ಸುರಂಗವೂ ಒಂದು. ಆ ಸುದ್ದಿ ಪೇಪರಿನಲ್ಲಿ ಓದಿದ ದಿನ ನನಗೆ ಹಿಗ್ಗೂ ಆಯಿತು, ಕಾಕಾ ಇರಬೇಕಿತ್ತು ಅಂತ ಸಂಕಟವೂ ಆಯಿತು.

ನಿಧಿಯ ಹುಚ್ಚು ಮಾತ್ರ ಹೋಗಿಲ್ಲ. ಟಿಕೋಟಾದ ಸುತ್ತ ಈಗ ದ್ರಾಕ್ಷಿ ಬಂದಿದೆ, ಮನೂಕ ಒಣಗಿಸುವ ಶೆಡ್ಡುಗಳು ಬಂದಿವೆ, ನಮ್ಮ ಕಾಲದ ಹಸಿವು ಈಗಿನ ಹುಡುಗರಿಗೆ ಗೊತ್ತಿಲ್ಲ. ಆದರೂ ಅಮಾವಾಸ್ಯೆ ಕಳೆದ ಮರುದಿನ ಯಾವುದಾದರೂ ಹಾಳು ಗುಡಿಯ ನಂದಿ ಪಕ್ಕಕ್ಕೆ ಉರುಳಿರುತ್ತದೆ, ಇಲ್ಲವೇ ಹೆಸರಿಲ್ಲದ ಗೋರಿಯ ತಲೆಯ ಕಡೆ ನೆಲ ಬಗೆದಿರುತ್ತದೆ. ಸುತ್ತ ಲಿಂಬೆಹಣ್ಣು, ಕುಂಕುಮ, ಒಡೆದ ತೆಂಗಿನಕಾಯಿ. ಹಾರಿಯ ಜಾಗಕ್ಕೆ ಮೆಟಲ್ ಡಿಟೆಕ್ಟರ್ ಬಂದಿದೆ, ಜೆಸಿಬಿ ಬಂದಿದೆ. ನಿಧಿಗಾಗಿ ನಡೆಸುವ ಅಮಾನುಷ ಪೂಜೆ, ವಾಮಾಚಾರವನ್ನು ತಡೆಯಲು 2017ರಲ್ಲಿ ರಾಜ್ಯ ಪ್ರತ್ಯೇಕ ಕಾನೂನನ್ನೇ ಮಾಡಬೇಕಾಯಿತು. ಗೋಳಗುಮ್ಮಟಕ್ಕೆ, ಇಬ್ರಾಹಿಂ ರೋಜಾಕ್ಕೆ ಕಾವಲಿದೆ. ಹೊಲದ ನಡುವೆ ಒಂಟಿಯಾಗಿ ನಿಂತ ಗೋರಿಗೆ, ಹುಡೇವಿಗೆ, ಶಾಸನದ ಕಲ್ಲಿಗೆ ಕಾವಲು ಯಾರು? ಆ ಹೊಲದ ರೈತನೇ ಆಗಬೇಕು.

ಹೋದ ವರ್ಷ ಬಬಲೇಶ್ವರದಿಂದ ಫೋನ್ ಬಂತು. ಮಾವನ ಮೊಮ್ಮಗ. “ಮಾಮಾ, ನಮ್ಮ ಹೊಲದ ಬಾಜೂಕ ಯಾರೋ ರಾತ್ರಿ ಅಗದಾರ್ರಿ. ಹಳೇ ಗೋರಿ ಕಲ್ಲ ಒಡದಾರ.” ಸಿಟ್ಟಿನಿಂದ ಅವನ ದನಿ ನಡುಗುತ್ತಿತ್ತು. ನಾನು, ಕಾಕಾನ ಮಗ ಇಬ್ಬರೂ ಹೋದೆವು. ಆಳೆತ್ತರದ ಗುಂಡಿ, ಎರಡು ತುಂಡಾದ ಕರಿ ಕಲ್ಲು. ಫೋಟೊ ತೆಗೆದೆವು, ಪೊಲೀಸರಿಗೆ ದೂರು ಬರೆದುಕೊಟ್ಟೆವು, ಅವರು ಬಂದು ನೋಡಿ ಹೋದ ಮೇಲೆ ಮೂವರೂ ಸೇರಿ ಗುಂಡಿ ಮುಚ್ಚಿ ಕಲ್ಲಿನ ತುಂಡುಗಳನ್ನು ಮೊದಲಿದ್ದಂತೆ ಜೋಡಿಸಿದೆವು. ಕಾಕಾನ ಮಗ ನೀರು ಕುಡಿಯಲು ಆಚೆ ಹೋದಾಗ ಆ ಹುಡುಗ ನನ್ನ ಹತ್ತಿರ ಬಂದು ದನಿ ತಗ್ಗಿಸಿ ಕೇಳಿದ:

“ಮಾಮಾ, ಆವತ್ತ್ ತೊರವ್ಯಾಗ ಖರೇನ ಏನೂ ಸಿಕ್ಕಿರಲಿಲ್ಲೇನ್ರಿ?”

“ಸಿಕ್ಕಿತ್ತು. ಮಣ್ಣಿನ ಕೊಳವಿ. ಅಂಥಾವು ಇನ್ನೂ ಅದಾವ, ನಡಿ ತೋರಸ್ತೀನಿ” ಅಂದೆ. ಕಾಕಾನ ಮಗನನ್ನು ಕೂಗಿ ಕರೆದು ಮೂವರೂ ತೊರವಿಯ ಕಡೆ ಹೊರಟೆವು.